ಎರಡು ಪಥ್ಯಗಳ ನಡುವೆ ಒಬ್ಬ ಬಾಣಂತಿ

ಹೆರಿಗೆಯಾದ ಒಂಬತ್ತನೆಯ ದಿನ ಆಕೆ ನನ್ನ ಕೋಣೆಗೆ ಬಂದಾಗ ಕೈಚೀಲದಲ್ಲಿ ಎರಡು ಚೀಟಿಗಳಿದ್ದವು. ಒಂದು, ಆಕೆ ಗರ್ಭಿಣಿಯಾಗಿದ್ದಾಗ ಸಕ್ಕರೆ ಕಾಯಿಲೆ ಬಂದದ್ದಕ್ಕೆ ನಾನೇ ಬರೆದುಕೊಟ್ಟಿದ್ದ ಆಹಾರದ ಪಟ್ಟಿ. ಇನ್ನೊಂದು, ಆಕೆಯ ಅಜ್ಜಿ ಹೇಳಿ ಬರೆಸಿದ ಬಾಣಂತಿ ಪಥ್ಯ. ನನ್ನ ಪಟ್ಟಿಯಲ್ಲಿ ಬೆಲ್ಲ, ಸಕ್ಕರೆ, ಬಾಳೆಹಣ್ಣು ಬೇಡ ಎಂದಿತ್ತು. ಅನ್ನ ಅರ್ಧ ಬಟ್ಟಲು. ಅಜ್ಜಿಯ ಚೀಟಿಯಲ್ಲಿ ಬೇಳೆ ವಾಯು, ಸೊಪ್ಪು ಶೀತ, ಮೊಸರು ಕೂಡದು, ಹಣ್ಣು ಕೂಡದು, ನೀರು ಗಂಟಲು ನೆನೆಯುವಷ್ಟು ಮಾತ್ರ. ಆಕೆ ಎರಡನ್ನೂ ಚಾಚೂ ತಪ್ಪದೆ ಪಾಲಿಸುತ್ತಿದ್ದಳು. ಎರಡರಲ್ಲೂ ಉಳಿದುಕೊಂಡದ್ದು ಅರ್ಧ ಬಟ್ಟಲು ಅನ್ನ, ಮೆಣಸಿನ ಸಾರು, ತುಪ್ಪ ಮತ್ತು ಬ್ರೆಡ್ಡು.

ನಾನು ತುಮಕೂರು ಜಿಲ್ಲೆಯ ಒಂದು ಆಸ್ಪತ್ರೆಯಲ್ಲಿ ಆಹಾರ ತಜ್ಞೆ. ಹಾಲೂಡಿಸುವ ತಾಯಂದಿರಿಗೆ ಸಲಹೆ ಕೊಡುವ ಕೆಲಸವೂ ನನ್ನದೇ. ಈ ಪ್ರಕರಣವನ್ನು ಬರೆಯಲು ಕಾರಣ ಇದರಲ್ಲಿ ನನ್ನ ತಪ್ಪೂ ಇದೆ ಎನ್ನುವುದು. ಗುರುತು ಸಿಗದಂತೆ ಕೆಲವು ವಿವರಗಳನ್ನು ಬದಲಿಸಿದ್ದೇನೆ.

ಹಿನ್ನೆಲೆ

ಆಕೆಗೆ 31 ವರ್ಷ, ಚೊಚ್ಚಲ ಹೆರಿಗೆ. ತವರು ತಿಪಟೂರಿನ ಕಡೆಯ ತೆಂಗಿನ ತೋಟದ ಮನೆ. ಬಸುರಿಯಾಗುವ ಮೊದಲೇ 74 ಕಿಲೋ ತೂಕ, ಎತ್ತರ 154 ಸೆಂಟಿಮೀಟರ್. ಪಿಸಿಓಎಸ್‌ಗೆ, ಅಂದರೆ ಅಂಡಾಶಯಕ್ಕೆ ಸಂಬಂಧಿಸಿದ ಹಾರ್ಮೋನು ಏರುಪೇರಿಗೆ, ಎರಡು ವರ್ಷ ಚಿಕಿತ್ಸೆ ಪಡೆದವಳು. 24ನೇ ವಾರದಲ್ಲಿ ಸರ್ಕಾರಿ ಮಾರ್ಗಸೂಚಿಯಂತೆ 75 ಗ್ರಾಂ ಗ್ಲೂಕೋಸ್ ಕುಡಿಸಿ ಎರಡು ಗಂಟೆಯ ನಂತರ ರಕ್ತ ಪರೀಕ್ಷಿಸಿದಾಗ ಸಕ್ಕರೆ (ಡೆಸಿಲೀಟರಿಗೆ ಮಿಲಿಗ್ರಾಂ ಲೆಕ್ಕದಲ್ಲಿ) 168 ಬಂತು. 140 ಮುಟ್ಟಿದರೆ ಗರ್ಭಾವಸ್ಥೆಯ ಮಧುಮೇಹ ಎಂದು ಲೆಕ್ಕ. ಆರು ವಾರ ಊಟದಲ್ಲೇ ಹಿಡಿತಕ್ಕೆ ತರಲು ನೋಡಿದೆವು, ಆಗಲಿಲ್ಲ. 30ನೇ ವಾರದಿಂದ ಇನ್ಸುಲಿನ್ ಶುರುವಾಯಿತು. ಕೊನೆಗೆ 38ನೇ ವಾರದಲ್ಲಿ ಹೆರಿಗೆ ನೋವು ಮುಂದುವರಿಯದೆ ಸಿಸೇರಿಯನ್. ಗಂಡು ಮಗು, 3,700 ಗ್ರಾಂ.

ಮಗು ದಷ್ಟಪುಷ್ಟವಾಗಿದೆ ಎಂದು ಮನೆಯವರು ಹಿಗ್ಗಿದರು. ಆದರೆ ಒಂದು ಗಂಟೆಯ ನಂತರ ಹಿಮ್ಮಡಿಯಿಂದ ತೆಗೆದ ರಕ್ತದಲ್ಲಿ ಸಕ್ಕರೆ 36 ಇತ್ತು. ಮಧುಮೇಹ ಇರುವ ತಾಯಿಯ ಮಗುವಿಗೆ ಸಕ್ಕರೆ ಏರಬೇಕಲ್ಲವೇ, ಇಳಿಯುವುದೇಕೆ ಎಂದು ಗಂಡ ಕೇಳಿದ. ನ್ಯಾಯವಾದ ಪ್ರಶ್ನೆ. ತಾಯಿಯ ರಕ್ತದ ಗ್ಲೂಕೋಸ್ ಮಾಸಿನ (ಪ್ಲಾಸೆಂಟಾ) ಮೂಲಕ ಮಗುವಿಗೆ ಹೋಗುತ್ತದೆ, ತಾಯಿಯ ಇನ್ಸುಲಿನ್ ಹೋಗುವುದಿಲ್ಲ. ಬರುತ್ತಿರುವ ಸಕ್ಕರೆಯನ್ನು ಅರಗಿಸಲು ಮಗುವಿನ ಮೇದೋಜೀರಕ ಗ್ರಂಥಿ ಹೊಟ್ಟೆಯೊಳಗೇ ಹೆಚ್ಚು ಇನ್ಸುಲಿನ್ ತಯಾರಿಸುವುದಕ್ಕೆ ಒಗ್ಗಿಕೊಂಡಿರುತ್ತದೆ. ಹೊಕ್ಕುಳಬಳ್ಳಿ ಕತ್ತರಿಸಿದ ಕ್ಷಣ ಸಕ್ಕರೆಯ ಸರಬರಾಜು ನಿಂತಿತು, ಇನ್ಸುಲಿನ್ ಮಾತ್ರ ಅಷ್ಟೇ ಉಳಿಯಿತು. ಕೆನ್ನೆಯೊಳಗೆ ಗ್ಲೂಕೋಸ್ ಜೆಲ್ ಸವರಿದರು, ಡಬ್ಬಿ ಹಾಲು 15 ಮಿಲಿ ಕುಡಿಸಿದರು, ಆಮೇಲೆ ನವಜಾತ ಶಿಶುಗಳ ಘಟಕಕ್ಕೆ ಒಯ್ದರು. ಚಿಕಿತ್ಸೆ ಸರಿಯಾದದ್ದೇ. ಆದರೆ ತಾಯಿ ಮಗುವನ್ನು ಮೊದಲ ಬಾರಿ ಎದೆಗೆ ಹಾಕಿಕೊಳ್ಳುವಷ್ಟರಲ್ಲಿ 20 ಗಂಟೆ ಕಳೆದಿತ್ತು. ಹುಟ್ಟಿದ ಒಂದು ಗಂಟೆಯೊಳಗೆ ಎದೆಹಾಲು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುವ ಮಾತು ನಮ್ಮದೇ ಗೋಡೆಯ ಮೇಲೆ ನೇತಾಡುತ್ತಿದೆ.

ಎರಡನೆಯ ದಿನ ಹಾಲು ಬರಲಿಲ್ಲ, ಮೂರನೆಯ ದಿನವೂ ಇಲ್ಲ. ನಾಲ್ಕನೆಯ ದಿನ ಮಗುವಿನ ತೂಕ 3,360ಕ್ಕೆ ಇಳಿಯಿತು, ಅಂದರೆ ಶೇ. 9ಕ್ಕಿಂತ ಸ್ವಲ್ಪ ಹೆಚ್ಚು. ಮೊದಲ ದಿನಗಳಲ್ಲಿ ತೂಕ ಇಳಿಯುವುದು ಸಹಜ, ಶೇ. 10 ದಾಟಿದರೆ ಗಾಬರಿ, ಅದರ ಹತ್ತಿರ ಬಂದರೆ ಎಚ್ಚರ. ಐದನೆಯ ದಿನ ಎದೆಹಾಲಿನ ಜೊತೆಗೆ ಡಬ್ಬಿ ಹಾಲನ್ನೂ ಕೊಡಿ ಎಂಬ ಒಂದು ಸಾಲಿನ ಸಲಹೆಯೊಂದಿಗೆ ಮನೆಗೆ ಕಳುಹಿಸಿದರು.

ಒಂಬತ್ತನೆಯ ದಿನ ಕಂಡದ್ದು

ಮಗುವಿನ ತೂಕ 3,430. ಐದು ದಿನಕ್ಕೆ 70 ಗ್ರಾಂ ಮಾತ್ರ. ಈ ವಯಸ್ಸಿನಲ್ಲಿ ದಿನಕ್ಕೆ 25ರಿಂದ 30 ಗ್ರಾಂ ಏರಬೇಕು. ದಿನಕ್ಕೆ ಆರು ಬಾರಿ 60 ಮಿಲಿ ಡಬ್ಬಿ ಹಾಲು ಕುಡಿಯುತ್ತಿದ್ದ ಮಗು ಏಕೆ ಬೆಳೆಯುತ್ತಿಲ್ಲ ಎನ್ನುವುದು ನನ್ನನ್ನು ಕಾಡಿತು. ಬಾಟಲಿ ತಂದಿದ್ದಾರೆಯೇ ಎಂದು ಕೇಳಿದೆ. ಒಂದು ಸಲದ ಹಾಲನ್ನು ನನ್ನ ಮುಂದೆಯೇ ಬೆರೆಸಿ ಎಂದೆ. ಆಕೆಯ ತಾಯಿ 60 ಮಿಲಿ ನೀರಿಗೆ ಒಂದು ಚಮಚ ಪುಡಿ ಹಾಕಿದರು. ಡಬ್ಬಿಯ ಮೇಲೆ 30 ಮಿಲಿಗೆ ಒಂದು ಚಮಚ ಎಂದು ಅಚ್ಚಾಗಿತ್ತು. ‘ಗಟ್ಟಿಯಾದರೆ ಮಗುವಿಗೆ ಮಂದ ಆಗುತ್ತದೆ ಮೇಡಂ, ತಿಳಿಯಾಗಿದ್ದರೆ ಅರಗುತ್ತದೆ’ ಎಂದರು. ಅರ್ಧ ನೀರಿನ ಹಾಲು. ಮಗು ಹೊಟ್ಟೆ ತುಂಬ ಕುಡಿದು ಹಸಿದೇ ಮಲಗುತ್ತಿತ್ತು.

ಎದೆಗೆ ಹಾಕಿಕೊಳ್ಳುತ್ತಿದ್ದದ್ದು ದಿನಕ್ಕೆ ಐದು ಸಲ. ಉಳಿದ ಹೊತ್ತು ಬಾಟಲಿ. ರಾತ್ರಿ ಹತ್ತರಿಂದ ಬೆಳಗಿನ ಐದರವರೆಗೆ ಪೂರ್ತಿ ಬಾಟಲಿ, ಬಾಣಂತಿ ನಿದ್ದೆ ಮಾಡಲಿ ಎಂದು. ಪ್ರೀತಿಯಿಂದ ಮಾಡಿದ ಏರ್ಪಾಡು, ಹಾಲು ಬತ್ತಿಸಲು ಇದಕ್ಕಿಂತ ಸುಲಭದ ದಾರಿ ಇಲ್ಲ. ಕುಡಿಸಿದ ಮೇಲೆ ಪಂಪ್ ಇಟ್ಟು ನೋಡಿದೆವು. ಎರಡೂ ಕಡೆ ಸೇರಿ 4 ಮಿಲಿ.

ಆಕೆಯ ಊಟವನ್ನು ಹಿಂದಿನ ದಿನದ ಬೆಳಗಿನಿಂದ ರಾತ್ರಿಯವರೆಗೆ ಒಂದೊಂದಾಗಿ ಹೇಳಿಸಿ ಲೆಕ್ಕ ಹಾಕಿದೆ. ಸುಮಾರು 1,100 ಕಿಲೋ ಕ್ಯಾಲರಿ, ಪ್ರೋಟೀನ್ 25 ಗ್ರಾಂ. ಹಾಲೂಡಿಸುವ ಮೊದಲ ಆರು ತಿಂಗಳು ಮಾಮೂಲಿ ಊಟದ ಮೇಲೆ ದಿನಕ್ಕೆ 600 ಕಿಲೋ ಕ್ಯಾಲರಿ ಹೆಚ್ಚು ಬೇಕು ಎನ್ನುತ್ತದೆ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ (ಐಸಿಎಂಆರ್) 2020ರ ಶಿಫಾರಸು. ಈಕೆ ಮಾಮೂಲಿ ಊಟವನ್ನೂ ಮಾಡುತ್ತಿರಲಿಲ್ಲ. ಏಳುವಾಗ ತಲೆ ಸುತ್ತುತ್ತದೆ ಎಂದಳು. ಅಂಟಿನ ಉಂಡೆ ತಿನ್ನಲಿಲ್ಲವೇ ಎಂದರೆ, ‘ನೀವೇ ಬೆಲ್ಲ ಮುಟ್ಟಬೇಡ ಎಂದು ಬರೆದಿದ್ದೀರಲ್ಲ ಮೇಡಂ’ ಎಂದು ನನ್ನ ಚೀಟಿಯನ್ನು ಮುಂದಿಟ್ಟಳು.

ಇಲ್ಲಿ ನನಗೆ ನಾಚಿಕೆಯಾಯಿತು. ಗರ್ಭಾವಸ್ಥೆಯಲ್ಲಿ ಇನ್ಸುಲಿನ್‌ಗೆ ಅಡ್ಡಗಾಲು ಹಾಕುವುದು ಬಹುಪಾಲು ಮಾಸಿನ ಹಾರ್ಮೋನುಗಳು. ಮಾಸು ಬಿದ್ದ ಗಳಿಗೆಯಲ್ಲೇ ನನ್ನ ಪಟ್ಟಿಯ ಆಯಸ್ಸು ಮುಗಿದಿತ್ತು. ಹೆರಿಗೆಯ ಮಾರನೆಯ ದಿನವೇ ಇನ್ಸುಲಿನ್ ನಿಲ್ಲಿಸಿದ್ದರು. ಬರಿಹೊಟ್ಟೆಯ ಸಕ್ಕರೆ 88 ಇತ್ತು. ಔಷಧಿ ನಿಲ್ಲಿಸಿ ಎಂದು ಹೇಳಲು ವೈದ್ಯರಿದ್ದರು. ಪಟ್ಟಿ ಹರಿದುಹಾಕು ಎಂದು ಹೇಳಬೇಕಾದವಳು ನಾನು, ಹೇಳಿರಲಿಲ್ಲ.

ಹಾಲು ತಡವಾದದ್ದು ಏಕೆ

ಮನೆಯಲ್ಲಿ ಎರಡು ವಾದಗಳಿದ್ದವು. ಉಂಡೆ, ಲೇಹ ತಿನ್ನದೆ ಹಾಲು ಎಲ್ಲಿಂದ ಬರಬೇಕು ಎಂದು ಅಜ್ಜಿ. ಬಂದರೂ ಅದು ಸಕ್ಕರೆ ಕಾಯಿಲೆಯ ಹಾಲು, ಮಗುವಿಗೆ ಆಗದು ಎಂದು ಅತ್ತೆ ಮನೆಯ ಕಡೆಯವರು.

ಎರಡನೆಯದನ್ನು ಮೊದಲು ಬಗೆಹರಿಸಿದೆ. ಎದೆಹಾಲು ಸಿಹಿಯಾಗಿರುವುದು ಹಾಲಿನದೇ ಸಕ್ಕರೆಯಾದ ಲ್ಯಾಕ್ಟೋಸ್‌ನಿಂದ, 100 ಮಿಲಿಯಲ್ಲಿ ಸುಮಾರು 7 ಗ್ರಾಂ. ಅದನ್ನು ಸ್ತನದ ಕೋಶಗಳೇ ಅಳೆದು ತಯಾರಿಸುತ್ತವೆ. ತಾಯಿ ಹೋಳಿಗೆ ತಿಂದರೂ ಉಪವಾಸವಿದ್ದರೂ ಆ ಪ್ರಮಾಣ ಹೆಚ್ಚುಕಡಿಮೆ ಅಷ್ಟೇ. ತಾಯಿಯ ಸಕ್ಕರೆ ಹಿಡಿತ ತಪ್ಪಿದಾಗ ಹಾಲಿನ ಗ್ಲೂಕೋಸ್ ತುಸು ಏರಬಹುದು, ಆದರೆ ಲ್ಯಾಕ್ಟೋಸ್‌ನ ಮುಂದೆ ಅದು ಲೆಕ್ಕಕ್ಕಿಲ್ಲ. ಇನ್ಸುಲಿನ್ ಚುಚ್ಚಿಕೊಳ್ಳುವ ತಾಯಿಯ ಹಾಲೂ ಸುರಕ್ಷಿತವೇ, ಏಕೆಂದರೆ ಹೊಟ್ಟೆಗೆ ಹೋದ ಇನ್ಸುಲಿನ್ ಅಲ್ಲಿಯೇ ಜೀರ್ಣವಾಗುತ್ತದೆ.

ಅಜ್ಜಿಯ ವಾದ ಇಷ್ಟು ಸುಲಭವಾಗಿರಲಿಲ್ಲ. ಮಾಸು ಹೊರಬಿದ್ದು ಪ್ರೊಜೆಸ್ಟೆರಾನ್ ಹಾರ್ಮೋನು ಇಳಿದ ಮೇಲೆ ಹಾಲು ಬರತೊಡಗುವುದು ಸಾಮಾನ್ಯವಾಗಿ ಎರಡರಿಂದ ನಾಲ್ಕನೆಯ ದಿನದೊಳಗೆ. ಆ ಕೆಲಸಕ್ಕೆ ಸ್ತನದ ಕೋಶಗಳಿಗೂ ಇನ್ಸುಲಿನ್‌ನ ನೆರವು ಬೇಕು. ಇನ್ಸುಲಿನ್‌ಗೆ ದೇಹ ಸರಿಯಾಗಿ ಓಗೊಡದಿದ್ದರೆ ಹಾಲು ತಡವಾಗುತ್ತದೆ. ಹೆಚ್ಚಿನ ತೂಕ, ಸಿಸೇರಿಯನ್, ಮೊದಲ ಗಂಟೆಗಳಲ್ಲಿ ಮಗು ದೂರವಿದ್ದದ್ದು, ಪ್ರತಿಯೊಂದೂ ಒಂದೊಂದು ದಿನ ಹಿಂದಕ್ಕೆಳೆಯಬಲ್ಲದು. ಈಕೆಗೆ ಎಲ್ಲವೂ ಒಟ್ಟಿಗೆ ಬಂದಿದ್ದವು. ಹಾಲು ತಡವಾದಾಗ ಡಬ್ಬಿ ಬಂತು, ಡಬ್ಬಿ ಬಂದ ಮೇಲೆ ಮಗು ಎದೆ ಚೀಪುವುದು ಕಡಿಮೆಯಾಯಿತು, ಚೀಪದ ಎದೆ ಹಾಲು ಮಾಡಲಿಲ್ಲ. ತಾಯಿ ಸ್ವಲ್ಪ ಅರೆಹೊಟ್ಟೆ ಇದ್ದರೂ ಹಾಲಿನ ಪ್ರಮಾಣ ಅಷ್ಟಾಗಿ ಕುಗ್ಗುವುದಿಲ್ಲ. ಖಾಲಿಯಾದಷ್ಟೂ ತುಂಬುವ ಬಾವಿ ಅದು. ಹಾಗೆಂದು ಊಟ ಮುಖ್ಯವಲ್ಲ ಎನ್ನಲಾರೆ. ತಲೆಸುತ್ತಿನಿಂದ ಗೋಡೆ ಹಿಡಿದು ನಡೆಯುವ ತಾಯಿ ರಾತ್ರಿ ಮೂರಕ್ಕೆ ಎದ್ದು ಕೂರುವುದಾದರೂ ಹೇಗೆ?

ಊಟದ ವಿಷಯದಲ್ಲಿ ನನ್ನನ್ನು ಹೆಚ್ಚು ಹೆದರಿಸಿದ್ದು ಬೇರೆಯೇ ಒಂದು ಸಂಗತಿ. ಹಾಲಿನ ಲ್ಯಾಕ್ಟೋಸ್, ಪ್ರೋಟೀನ್ ತಾಯಿಯ ಊಟಕ್ಕೆ ಹೆಚ್ಚು ಜಗ್ಗುವುದಿಲ್ಲ, ಆದರೆ ಕೆಲವು ವಿಟಮಿನ್‌ಗಳು ಜಗ್ಗುತ್ತವೆ. ಬಿ1 ಅಂಥದ್ದು, ಬಿ12 ಅಂಥದ್ದು. ಪಾಲಿಶ್ ಮಾಡಿದ ಅಕ್ಕಿಯನ್ನು ಬಸಿದು ಮಾಡಿದ ಅನ್ನ, ತಿಳಿಸಾರು, ಬೇಳೆ ಇಲ್ಲ, ಸೊಪ್ಪಿಲ್ಲ. ಇಂಥ ಪಥ್ಯದಲ್ಲಿ ಬಿ1 ಬಹುತೇಕ ಇರುವುದೇ ಇಲ್ಲ. ಎದೆಹಾಲು ಮಾತ್ರ ಕುಡಿಯುತ್ತಾ ಚೆನ್ನಾಗಿದ್ದ ಎರಡು ಮೂರು ತಿಂಗಳ ಕೂಸು ಇದ್ದಕ್ಕಿದ್ದಂತೆ ಏದುಸಿರು ಬಿಡತೊಡಗಿ, ದನಿ ಒಡೆದು, ಶ್ವಾಸಕೋಶದ ರಕ್ತದೊತ್ತಡ ಏರಿ ಆಸ್ಪತ್ರೆ ಸೇರಿದ ಪ್ರಕರಣಗಳನ್ನು ಕರ್ನಾಟಕದ ವೈದ್ಯರೇ ವರದಿ ಮಾಡಿದ್ದಾರೆ. ಬಿ1 ಚುಚ್ಚುಮದ್ದು ಕೊಟ್ಟರೆ ಆ ಕೂಸುಗಳು ಬೇಗನೆ ಚೇತರಿಸಿಕೊಳ್ಳುತ್ತವೆ. ತಾಯಿಯ ಪಥ್ಯ ಕೇಳುವುದು ಯಾರಿಗಾದರೂ ಹೊಳೆಯಬೇಕು, ಅಷ್ಟೇ. ಅಜ್ಜಿಗೆ ಹೆದರಿಸುವ ದನಿಯಲ್ಲಿ ಹೇಳಲಿಲ್ಲ. ಬೇಳೆಯ ಕಟ್ಟು ತೆಗೆದು ಸಾರು ಮಾಡುತ್ತೀರಿ, ಅಡಿಯ ಬೇಳೆಯನ್ನು ಯಾರು ತಿನ್ನುತ್ತಾರೆ ಎಂದು ಕೇಳಿದೆ. ಮನೆಯ ಗಂಡಸರು ಎಂದರು. ವೈದ್ಯರನ್ನು ಕೇಳಿ ಆಕೆಗೆ ಬಿ ಕಾಂಪ್ಲೆಕ್ಸ್ ಮಾತ್ರೆಯನ್ನೂ ಬರೆಸಿದೆ.

ಯಾವ ಹಾಲು

ಎದೆಹಾಲು ಹೆಚ್ಚುವವರೆಗೆ ಮಗುವಿನ ಹೊಟ್ಟೆಗೆ ಏನಾದರೂ ಬೇಕಿತ್ತು. ಇದರ ಮೇಲೆ ಮನೆಯಲ್ಲಿ ದೊಡ್ಡ ಪಂಚಾಯಿತಿಯೇ ನಡೆದಿತ್ತು.

‘ಮನೆಯಲ್ಲಿ ಕರೆಯುವ ನಾಟಿ ಹಸು ಇರುವಾಗ ಡಬ್ಬಿ ಏಕೆ ತಾಯಿ? ನಾನು ಆರು ಮಕ್ಕಳನ್ನು ಸಾಕಿದವಳು’ ಎಂದರು ಅಜ್ಜಿ. ಹಸುವಿನ ಹಾಲಿನಲ್ಲಿ 100 ಮಿಲಿಗೆ ಮೂರು ಗ್ರಾಂಗೂ ಮೇಲೆ ಪ್ರೋಟೀನ್, ತಾಯಿಯ ಹಾಲಿನಲ್ಲಿ ಒಂದು ಗ್ರಾಂ. ತಿಂಗಳ ಕೂಸಿನ ಮೂತ್ರಪಿಂಡಕ್ಕೆ ಅದು ಹೊರೆ. ನೀರು ಬೆರೆಸಿ ತೆಳುಮಾಡಿದರೆ ಪ್ರೋಟೀನ್ ಇಳಿಯುತ್ತದೆ, ಜೊತೆಗೆ ಶಕ್ತಿಯೂ ಇಳಿಯುತ್ತದೆ. ಕಬ್ಬಿಣ ಮೊದಲೇ ಇಲ್ಲ. ಕುಡಿಯುವ ಮುಖ್ಯ ಹಾಲಾಗಿ ಹಸುವಿನ ಹಾಲು ಒಂದು ವರ್ಷ ತುಂಬಿದ ಮೇಲೆ. ಗಂಡ ನಡುವೆ ಬಾಯಿ ಹಾಕಿ ಇದು ಎ2 ಹಾಲು ಎಂದ. ಎ1, ಎ2 ಎಂದರೆ ಹಾಲಿನ ಒಂದು ಪ್ರೋಟೀನಿನ ಎರಡು ಬಗೆ. ಕೂಸಿನ ಮೂತ್ರಪಿಂಡಕ್ಕೆ ಎ1 ಎ2 ಭೇದ ತಿಳಿಯುವುದಿಲ್ಲ. ಆ ಹೆಸರಿನ ಜಾಹೀರಾತಿನ ಗದ್ದಲ ಎಷ್ಟಿದೆಯೆಂದರೆ, 2024ರ ಆಗಸ್ಟ್‌ನಲ್ಲಿ ಆಹಾರ ಸುರಕ್ಷತಾ ಪ್ರಾಧಿಕಾರವು ಪೊಟ್ಟಣಗಳಿಂದ ಆ ಹೇಳಿಕೆ ತೆಗೆಯಿರಿ ಎಂದು ಆದೇಶಿಸಿ, ವಾರದೊಳಗೆ ತಾನೇ ಹಿಂದಕ್ಕೆ ಪಡೆಯಿತು.

ಗಂಡನ ಮೊಬೈಲಿನಲ್ಲಿ ಇನ್ನೊಂದು ಪ್ರಶ್ನೆಯೂ ಇತ್ತು: ಪ್ರೋಟೀನ್ ಒಡೆದು ತಯಾರಿಸಿದ ದುಬಾರಿ ಪುಡಿ ಕೊಟ್ಟರೆ ಮಗುವಿಗೆ ಮುಂದೆ ಮಧುಮೇಹ ತಪ್ಪುತ್ತದೆಯೇ? ಇದು ಬಿಸಾಕುವ ಪ್ರಶ್ನೆಯಲ್ಲ, ಮೊದಲ ವಿಧದ (ಟೈಪ್ 1) ಮಧುಮೇಹದ ಬಗ್ಗೆ ವಿಜ್ಞಾನಿಗಳೇ ಕೇಳಿಕೊಂಡದ್ದು. 15 ದೇಶಗಳಲ್ಲಿ ಎರಡು ಸಾವಿರಕ್ಕೂ ಹೆಚ್ಚು ಮಕ್ಕಳನ್ನು ವರ್ಷಗಟ್ಟಲೆ ಹಿಂಬಾಲಿಸಿದ ಟ್ರಿಗರ್ ಅಧ್ಯಯನ 2018ರಲ್ಲಿ ಉತ್ತರ ಕೊಟ್ಟಿತು: ಸಾಮಾನ್ಯ ಪುಡಿಗೂ ಅದಕ್ಕೂ ವ್ಯತ್ಯಾಸ ಕಾಣಲಿಲ್ಲ. ಈಗಿರುವ ಡಬ್ಬಿಯೇ ಸಾಕು, ಸರಿಯಾಗಿ ಬೆರೆಸಿ ಎಂದೆ. ಕುದಿಸಿದ ನೀರು 70 ಡಿಗ್ರಿಗಿಂತ ತಣ್ಣಗಾಗುವ ಮೊದಲು ಪುಡಿ ಹಾಕಬೇಕು, ಚಮಚವನ್ನು ಚಾಕುವಿನ ಬೆನ್ನಿನಿಂದ ಸಮ ಮಾಡಬೇಕು, ಆಮೇಲೆ ಆರಿಸಿ ಕುಡಿಸಬೇಕು. ಆಕೆಯ ತಾಯಿಯಿಂದ ಮೂರು ಸಲ ಮಾಡಿಸಿದೆ.

ದಾನದ ಎದೆಹಾಲು ಸಿಗುವುದಾದರೆ ಅದೇ ಮೇಲು. ಮುಂಬೈಯ ಸಯಾನ್ ಆಸ್ಪತ್ರೆಯಲ್ಲಿ 1989ರಲ್ಲಿ ಶುರುವಾದ ಎದೆಹಾಲಿನ ಬ್ಯಾಂಕು ದೇಶಕ್ಕೆ ಮೊದಲನೆಯದು. ಬೆಂಗಳೂರಿನ ವಾಣಿವಿಲಾಸ ಆಸ್ಪತ್ರೆಯಲ್ಲೂ ಈಗ ಒಂದಿದೆ. ಹಾಲನ್ನು 62.5 ಡಿಗ್ರಿಯಲ್ಲಿ ಅರ್ಧ ಗಂಟೆ ಕಾಯಿಸಿ, ಪರೀಕ್ಷಿಸಿ ಕೊಡುತ್ತಾರೆ. ಆದರೆ ಆ ಹಾಲು ತಿಂಗಳು ತುಂಬದೆ ಹುಟ್ಟಿದ, ಅಂಗೈಯಷ್ಟಿರುವ ಕೂಸುಗಳಿಗೇ ಸಾಲುವುದಿಲ್ಲ. ಮೂರೂವರೆ ಕಿಲೋದ ನಮ್ಮ ಹುಡುಗನ ಸರದಿ ಬರುವಂತಿರಲಿಲ್ಲ. ಓಣಿಯಲ್ಲಿ ಇನ್ನೊಬ್ಬ ಬಾಣಂತಿ ಇದ್ದಾಳೆ, ಅವಳು ಕುಡಿಸುತ್ತಾಳೆ ಎಂದರು. ಹಿಂದೆ ಅದು ಸಾಮಾನ್ಯವಾಗಿತ್ತು. ಎಚ್‌ಐವಿ ಪರೀಕ್ಷೆಯ ವರದಿ, ಆಕೆ ತೆಗೆದುಕೊಳ್ಳುವ ಔಷಧಿಗಳ ವಿವರ ಯಾವುದೂ ಕೈಯಲ್ಲಿಲ್ಲದೆ ನಾನು ಹೂಂ ಎನ್ನಲಿಲ್ಲ.

ಒಳಲೆ ಮತ್ತು ಉಂಡೆ

ಬಾಟಲಿ ಬಿಡಿಸಬೇಕು ಎಂದಾಗ ಅಜ್ಜಿಯ ಮುಖ ಅರಳಿತು. ಮಾರನೆಯ ಭೇಟಿಗೆ ಟ್ರಂಕಿನ ತಳದಿಂದ ತೆಗೆದ ಬೆಳ್ಳಿಯ ಒಳಲೆ, ಅಂದರೆ ಕೂಸಿಗೆ ಹಾಲು ಕುಡಿಸುವ ಮೂತಿಯ ಪುಟ್ಟ ಬಟ್ಟಲು ಬಂತು, ಮೂತಿಯ ಹತ್ತಿರ ಸ್ವಲ್ಪ ಜಜ್ಜಿತ್ತು. ಆಕೆಯ ತಾಯಿಗೂ ಸೋದರಮಾವಂದಿರಿಗೂ ಅದರಲ್ಲೇ ಹಾಲು ಹಾಕಿದ್ದಂತೆ. ಮೂಲೆಗಳಿಲ್ಲದ ಕಾರಣ ಬಾಟಲಿಗಿಂತ ಶುಚಿ ಮಾಡುವುದು ಸುಲಭ. ಪ್ರತಿ ಸಲ ಕುದಿಸಬೇಕು ಎಂದಷ್ಟೇ ಹೇಳಿದೆ. ಒಳಲೆಯ ಅಂಚನ್ನು ಮಗುವಿನ ತುಟಿಗೆ ತಾಗಿಸಿ ಅದು ತಾನಾಗಿ ಹೀರುವಷ್ಟೇ ಓರೆ ಮಾಡುವುದು, ಗಂಟಲಿಗೆ ಸುರಿಯದೆ ಇರುವುದು, ಇದನ್ನು ಅಜ್ಜಿ ನನಗಿಂತ ಚೆನ್ನಾಗಿ ತೋರಿಸಿದರು.

ಕ್ರಮ ಹೀಗಿತ್ತು: ಹಗಲು ರಾತ್ರಿ ಸೇರಿ ಹತ್ತು ಹನ್ನೆರಡು ಸಲ ಮೊದಲು ಎದೆ, ಎರಡೂ ಕಡೆ. ಹೊಲಿಗೆಯ ಮೇಲೆ ಭಾರ ಬೀಳದಂತೆ ಮಗುವನ್ನು ಕಂಕುಳಡಿಯಿಂದ ಹಿಡಿದು ಕುಡಿಸುವುದು. ಆಮೇಲೆ ಅಳತೆ ಮಾಡಿದ ಡಬ್ಬಿ ಹಾಲು, ಒಳಲೆಯಲ್ಲಿ. ದಿನಕ್ಕೆ ನಾಲ್ಕು ಸಲ ಪಂಪ್. ಡಬ್ಬಿ ಹಾಲನ್ನು ಇಳಿಸುವುದು ಮಗುವಿನ ತೂಕ ನೋಡಿ, ನಮ್ಮ ಆಸೆ ನೋಡಿ ಅಲ್ಲ.

ಉಂಡೆಯ ಸಂಧಾನಕ್ಕೆ ಹೆಚ್ಚು ಹೊತ್ತು ಹಿಡಿಯಿತು. ಅಜ್ಜಿ ಒಂದು ಉಂಡೆ ತಂದಿದ್ದರು, ತಕ್ಕಡಿಯಲ್ಲಿಟ್ಟೆ: 62 ಗ್ರಾಂ. ಒಡೆದು ನೋಡಿದರೆ ತುಪ್ಪದಲ್ಲಿ ಅರಳಿದ ಅಂಟು, ಒಣಕೊಬ್ಬರಿ, ಉತ್ತತ್ತಿ, ಗಸಗಸೆ, ಗೋಡಂಬಿ, ಮೆಂತ್ಯದ ಪುಡಿ. ಎಲ್ಲವನ್ನೂ ಹಿಡಿದಿಟ್ಟದ್ದು ಬೆಲ್ಲದ ಪಾಕ. ಕೊಬ್ಬರಿ, ಬೀಜಗಳು, ಅಂಟು ಸಕ್ಕರೆಯನ್ನು ಅಷ್ಟಾಗಿ ಏರಿಸುವವಲ್ಲ. ತಿಪಟೂರಿನ ಮನೆಯಲ್ಲಿ ಕೊಬ್ಬರಿ ಬೇಡ ಎನ್ನುವಷ್ಟು ಧೈರ್ಯವೂ ನನಗಿರಲಿಲ್ಲ. ತಕರಾರು ಇದ್ದದ್ದು ಬೆಲ್ಲ, ಉತ್ತತ್ತಿ ಮತ್ತು ಗಾತ್ರದ ಬಗ್ಗೆ. ಬೆಲ್ಲ ಕಾಲು ಭಾಗಕ್ಕೆ ಇಳಿಯಿತು, ಉತ್ತತ್ತಿ ಹೋಯಿತು, ಹುರಿಗಡಲೆ ಹಿಟ್ಟು ಮತ್ತು ಎಳ್ಳು ಬಂದವು, ಗಾತ್ರ ನಿಂಬೆಹಣ್ಣಿನಷ್ಟಾಯಿತು. ಎರಡನ್ನೂ ಬೇರೆ ಬೇರೆ ದಿನ ತಿಂದು ಎರಡು ಗಂಟೆಯ ನಂತರ ಮನೆಯ ಗ್ಲೂಕೋಮೀಟರಿನಲ್ಲಿ ನೋಡಿಕೊಳ್ಳಲು ಹೇಳಿದೆ. ಹಳೆಯ ಉಂಡೆಗೆ 164, ಹೊಸದಕ್ಕೆ 121. ಅಜ್ಜಿಗೆ ನನ್ನ ಅರ್ಧ ಗಂಟೆಯ ಮಾತಿಗಿಂತ ಆ ಎರಡು ಅಂಕಿಗಳು ಹಿಡಿಸಿದವು.

ಮೆಡಿಕಲ್ ಅಂಗಡಿಯಿಂದ ಯಾರೋ ಹಾಲು ಹೆಚ್ಚಿಸುವ ಶತಾವರಿ ಪುಡಿಯನ್ನೂ ತಂದುಕೊಟ್ಟಿದ್ದರು. ಡಬ್ಬಿ ತಿರುಗಿಸಿ ಸಣ್ಣ ಅಕ್ಷರ ಓದಿದರೆ ಅದರಲ್ಲಿ ಹೆಚ್ಚಿನ ಪಾಲು ಸಕ್ಕರೆ. ಅದನ್ನು ಬದಿಗಿಟ್ಟೆವು. ಬೇಳೆ, ಸಬ್ಬಸಿಗೆ ಸೊಪ್ಪು, ಮೊಟ್ಟೆ, ಎರಡು ಲೋಟ ಹಾಲು, ಹೊಟ್ಟೆ ತುಂಬುವಷ್ಟು ಅನ್ನ ಅಥವಾ ಮುದ್ದೆ, ಬಾಯಾರಿದಾಗಲೆಲ್ಲ ಬಿಸಿನೀರು. ನೀರು ತಣ್ಣಗಿರಕೂಡದು ಎಂಬ ಅಜ್ಜಿಯ ಷರತ್ತಿಗೆ ನಾನು ಒಪ್ಪಿಕೊಂಡೆ. ಅದರಿಂದ ಯಾರಿಗೂ ನಷ್ಟವಿಲ್ಲ.

ಮುಂದಿನ ವಾರಗಳು

16ನೇ ದಿನ ತೂಕ 3,650. ಹುಟ್ಟಿದ ತೂಕಕ್ಕೆ ಮಗು ಮರಳಿದ್ದು 18ನೇ ದಿನ, ಎರಡು ವಾರದೊಳಗೆ ಆಗಬೇಕಿದ್ದದ್ದು ತುಸು ತಡವಾಗಿ. ಮೂರನೆಯ ವಾರ ಪಂಪಿನಲ್ಲಿ 35 ಮಿಲಿ ಬಂದಾಗ ಆಕೆ ಅದರ ಫೋಟೊ ಕಳುಹಿಸಿದಳು. ಡಬ್ಬಿ ಹಾಲು 360ರಿಂದ 270, 180 ಎಂದು ಇಳಿಯುತ್ತಾ ಬಂದು ಆರನೆಯ ವಾರಕ್ಕೆ ರಾತ್ರಿಯ ಒಂದೇ ಸಲಕ್ಕೆ ನಿಂತಿತು. ಅಲ್ಲಿಂದ ಕೆಳಗೆ ಇಳಿಯಲಿಲ್ಲ. ಆಕೆ ಅತ್ತಳು, ಪೂರ್ತಿ ಎದೆಹಾಲು ಕುಡಿಸಲಾಗಲಿಲ್ಲವಲ್ಲ ಎಂದು. ಕೆಲವರ ದೇಹಕ್ಕೆ ಒಂದು ಮಿತಿ ಇರುತ್ತದೆ, ಪಿಸಿಓಎಸ್ ಇದ್ದ ಕೆಲವರಲ್ಲಿ ನಾನು ಇದನ್ನು ಕಂಡಿದ್ದೇನೆ. 4,430 ಗ್ರಾಂ ತೂಗುವ, ದಿನಕ್ಕೆ ಎಂಟು ಬಟ್ಟೆ ಒದ್ದೆ ಮಾಡುವ ಮಗುವನ್ನು ಎತ್ತಿಕೊಂಡು ಅಳಬೇಕಾಗಿಲ್ಲ ಎಂದೆ. ಅವಳಿಗೆ ಅದು ಸಮಾಧಾನವಾಯಿತೋ ಇಲ್ಲವೋ ಗೊತ್ತಿಲ್ಲ.

ಏಳನೆಯ ವಾರ ಮತ್ತೆ 75 ಗ್ರಾಂ ಗ್ಲೂಕೋಸ್ ಪರೀಕ್ಷೆ. ಬರಿಹೊಟ್ಟೆ 98, ಎರಡು ಗಂಟೆಗೆ 152. ಮಧುಮೇಹವಲ್ಲ, ಆದರೆ ಅದರ ಹೊಸ್ತಿಲು. ಹೆರಿಗೆಯಾದ ಮೇಲೆ ಈ ಪರೀಕ್ಷೆಗೆ ಬರುವವರೇ ಕಡಿಮೆ, ಕೂಸಿನ ಲಸಿಕೆಯ ದಿನಕ್ಕೆ ಹೊಂದಿಸಿದ್ದರಿಂದ ಈಕೆ ಬಂದಳು. ವೈದ್ಯರು ಸಕ್ಕರೆ ಇಳಿಸುವ ಮೆಟ್‌ಫಾರ್ಮಿನ್ ಮಾತ್ರೆ ಬರೆದರು. ಅದು ಹಾಲಿಗೆ ಸೇರುವುದು ತೀರಾ ಅಲ್ಪ, ಹಾಲೂಡಿಸಲು ಅಡ್ಡಿಯಿಲ್ಲ. ಹಾಲೂಡಿಸುವುದರಿಂದ ಆಕೆಗೇ ಇರುವ ಲಾಭವನ್ನೂ ಅಂದೇ ಹೇಳಿದೆ: ಗರ್ಭಾವಸ್ಥೆಯ ಮಧುಮೇಹವಿದ್ದ ಕ್ಯಾಲಿಫೋರ್ನಿಯಾದ ತಾಯಂದಿರನ್ನು ಹಿಂಬಾಲಿಸಿ 2015ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಹೆಚ್ಚು ಕಾಲ, ಹೆಚ್ಚು ಪ್ರಮಾಣದಲ್ಲಿ ಎದೆಹಾಲು ಕುಡಿಸಿದವರಲ್ಲಿ ಎರಡು ವರ್ಷದೊಳಗೆ ಮಧುಮೇಹ ಬಂದದ್ದು ಕಡಿಮೆ.

ನನ್ನನ್ನು ಈಗಲೂ ಚುಚ್ಚುವುದು 36ನೇ ವಾರದ ಆ ಭೇಟಿ. ಆಕೆ ನನ್ನ ಮುಂದೆ ಇಪ್ಪತ್ತು ನಿಮಿಷ ಕುಳಿತಿದ್ದಳು. ಮುದ್ದೆ ಎಷ್ಟು, ಚಪಾತಿ ಎಷ್ಟು ಎಂದೇ ಮಾತಾಡಿದೆ. ಮಧುಮೇಹವಿದ್ದು ಬೇರೆ ತೊಡಕಿಲ್ಲದ ಗರ್ಭಿಣಿಯರು 36ನೇ ವಾರದಿಂದ ಕೈಯಿಂದ ಮೊದಲ ಹಾಲನ್ನು ಹಿಂಡಿ ಕೂಡಿಡಬಹುದು, ಅದರಿಂದ ಮಗುವಿಗೆ ಅಪಾಯ ಹೆಚ್ಚಲಿಲ್ಲ ಎಂದು ಮೆಲ್ಬರ್ನ್‌ನ ಸಂಶೋಧಕರು 2017ರಲ್ಲೇ ತೋರಿಸಿದ್ದರು. ನಾನು ಅದನ್ನು ಓದಿದ್ದೆ. ಐದಾರು ಮಿಲಿ ಸಿರಿಂಜಿನಲ್ಲಿ ಇದ್ದಿದ್ದರೆ ಆ ಮೊದಲ ಗಂಟೆಗಳಲ್ಲಿ ಜೆಲ್ ಜೊತೆಗೆ ಅದನ್ನೇ ಕೊಡಬಹುದಿತ್ತು. ಎಲ್ಲಕ್ಕಿಂತ ಮೇಲಾಗಿ ಹಾಲು ಹಿಂಡುವುದು ಆಕೆಯ ಕೈಗೆ ರೂಢಿಯಾಗಿರುತ್ತಿತ್ತು.

ಮೊನ್ನೆ ಅಜ್ಜಿ ಫೋನ್ ಮಾಡಿದ್ದರು. ಮರಿಮಗ ರಾಗಿ ಸರಿ ತಿನ್ನುತ್ತಿದ್ದಾನಂತೆ. ಕರೆ ಅದಕ್ಕಲ್ಲ. ಇನ್ನೊಬ್ಬ ಮೊಮ್ಮಗನ ಹೆಂಡತಿ ಐದು ತಿಂಗಳ ಬಸುರಿ, ಅವಳಿಗೂ ಸಕ್ಕರೆ ಬಂದಿದೆ. ‘ಉಂಡೆಯ ಲೆಕ್ಕ ನನಗೆ ಗೊತ್ತಾಯಿತು ತಾಯಿ. ಹಾಲು ಹಿಂಡುವುದನ್ನು ಯಾವಾಗಿನಿಂದ ಹೇಳಿಕೊಡುತ್ತೀರಿ?’ ಎಂದರು. ಹೆರಿಗೆ ವೈದ್ಯರು ಒಪ್ಪಿದರೆ 36ನೇ ವಾರಕ್ಕೆ ಕರೆದುಕೊಂಡು ಬನ್ನಿ ಎಂದೆ. ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿಸುತ್ತೇನೆ, ಆದರೆ ವಾರದ ಲೆಕ್ಕ ನನಗೆ ಬಾರದು, ತಾರೀಖು ಹೇಳಿ ಎಂದರು.